ವಿಡಿಯೋ ಸರ್ವರ್ ಅಂದ್ರೆ ಡಿವಿಆರ್ ಅಲ್ಲ ಮಾರಾಯ್ರೆ

"ಈ ಹಳೇ ವಿಡಿಯೋ ಸರ್ವರ್‌ಗೆ ಎಷ್ಟು ಟಿಬಿ ಹಾರ್ಡ್ ಡಿಸ್ಕ್ ಹಾಕ್ಬೋದು?" ಈ ಪ್ರಶ್ನೆ ಎಷ್ಟನೇ ಸಲ ಕಿವಿಗೆ ಬೀಳ್ತಿದೆಯೋ ಲೆಕ್ಕ ಬಿಟ್ಟಿದೀನಿ. ವಿಡಿಯೋ ಸರ್ವರ್ ಅಂದ್ರೆ ಹಳೇ ಸಿಸಿಟಿವಿ ಕ್ಯಾಮೆರಾದ ಚಿತ್ರಾನ ನೆಟ್‌ವರ್ಕಿಗೆ ಕಳ್ಸೋ ಡಬ್ಬಿ, ಸಾಮಾನ್ಯವಾಗಿ ಅದ್ರಲ್ಲಿ ಡಿಸ್ಕ್ ಕೂರಿಸೋ ಜಾಗಾನೇ ಇರಲ್ಲ. ಅಲಾರಂ ಬಂದಾಗ ಹಿಂದುಮುಂದಿನ ನಾಲ್ಕು ಫ್ರೇಮ್ ಮೆಮೊರಿಯಲ್ಲಿ ಹಿಡಿದಿಟ್ಕೊಳ್ಬೋದು, ಅಷ್ಟೇ. ರೆಕಾರ್ಡ್ ಮಾಡೋದು ಡಿವಿಆರ್ (ಡಿಜಿಟಲ್ ವಿಡಿಯೋ ರೆಕಾರ್ಡರ್) ಕೆಲಸ.

ಎಡವಟ್ಟೆಲ್ಲಾ ಇರೋದು 'ಸರ್ವರ್' ಅನ್ನೋ ಪದದಲ್ಲಿ. ಸರ್ವರ್ ಅಂದ ತಕ್ಷಣ ನಮ್ ತಲೆಗೆ ಬರೋದು ಫ್ಯಾನ್ ಗುಂಯ್ ಅನ್ನೋ ದೊಡ್ಡ ಡಬ್ಬ, ಅದರ ತುಂಬಾ ಡೇಟಾ. ಆದ್ರೆ ಲ್ಯಾಟಿನ್ನಿನ 'ಸರ್ವೀರೆ'ಯಿಂದ ಬಂದ ಈ ಪದಕ್ಕೆ ಕೂಡಿಡೋದಕ್ಕೂ ಸಂಬಂಧ ಇಲ್ಲ, ಗಾತ್ರಕ್ಕೂ ಇಲ್ಲ, ಊಳಿಗ ಮಾಡೋನು ಅಂತಷ್ಟೇ ಅರ್ಥ. (ನಮ್ 'ಸೇವೆ' ಸಂಸ್ಕೃತದ್ದು, ಸದ್ದು ಹೋಲುತ್ತೆ ಅಂತ ಎರಡಕ್ಕೂ ಗಂಟು ಹಾಕ್ಬೇಡಿ.) ನೆಟ್‌ವರ್ಕಲ್ಲಿ ಕೇಳೋನು ಕ್ಲೈಂಟ್, ಕೇಳಿದ್ದನ್ನ ಕೊಡೋನು ಸರ್ವರ್. ಅಂಗೈಯಗಲದ ಡಬ್ಬಿ ಆದ್ರೂ ಬ್ರೌಸರ್ ಕೇಳಿದಾಗ ಚಿತ್ರ ಕೊಟ್ರೆ ಅದು ಸರ್ವರೇ! ಅದರೊಳಗೆ ಪುಟ್ಟ ವೆಬ್ ಸರ್ವರ್ ಇರುತ್ತೆ, ಹೆಸರು ಬಂದಿದ್ದು ಹಾಗೆ. ಆಮೇಲೆ ತಯಾರಕರೇ 'ವಿಡಿಯೋ ಎನ್‌ಕೋಡರ್' ಅನ್ನೋಕೆ ಶುರು ಮಾಡಿದ್ರು, ನನ್ ಕೇಳಿದ್ರೆ ಮೊದಲೇ ಹಾಗೆ ಕರೀಬೇಕಿತ್ತು.

ಕೆಲಸ ಇಷ್ಟೇ, ಅನಲಾಗ್ ಕ್ಯಾಮೆರಾದ ಕೋಆಕ್ಸ್ ಕೇಬಲ್ ಬಿಎನ್‌ಸಿ ಕನೆಕ್ಟರ್‌ಗೆ ಬರುತ್ತೆ, ಡಬ್ಬಿ ಆ ಸಿಗ್ನಲ್ಲನ್ನ ಡಿಜಿಟಲ್ ಮಾಡಿ ಕಂಪ್ರೆಸ್ ಮಾಡಿ ಈಥರ್ನೆಟ್ಟಲ್ಲಿ ಕಳ್ಸುತ್ತೆ, ಪಿಟಿಜಡ್ (ದೂರದಿಂದಲೇ ತಿರುಗ್ಸಿ ಜೂಮ್ ಮಾಡೋ) ಕ್ಯಾಮೆರಾ ಆದ್ರೆ ತಿರುಗ್ಸೋ ಆಜ್ಞೆ ಆರ್‌ಎಸ್-485 ತಂತಿಯಲ್ಲಿ ವಾಪಸ್ ಹೋಗುತ್ತೆ. ಅದೇ ಎನ್‌ವಿಆರ್ (ನೆಟ್‌ವರ್ಕ್ ವಿಡಿಯೋ ರೆಕಾರ್ಡರ್) ಅಂದ್ರೆ ಈಗಾಗ್ಲೇ ಡಿಜಿಟಲ್ ಆಗಿ ಬಂದ ಸ್ಟ್ರೀಮನ್ನ ಕೂಡಿಡೋದು.

ಇನ್ನೊಂದು ಭ್ರಮೆ, ಎನ್‌ಕೋಡರ್ ಹಾಕಿದ್ರೆ ಚಿತ್ರ ಎಚ್‌ಡಿ ಆಗುತ್ತೆ ಅನ್ನೋದು. ಎಲ್ಲಿಂದ ಆಗುತ್ತೆ? ಪಾಲ್ (ಹಳೇ ಅನಲಾಗ್ ಟಿವಿ ಪದ್ಧತಿ) ಸಿಗ್ನಲ್ಲಿನ 4ಸಿಐಎಫ್ ಅನ್ನೋ ಚಿತ್ರದ ಅಳತೆ ಅಂದ್ರೆ 704×576, ಸುಮಾರು 4 ಲಕ್ಷ ಪಿಕ್ಸೆಲ್, 1080ಪಿಯಲ್ಲಿ 20 ಲಕ್ಷ ದಾಟುತ್ತೆ. ಇಲ್ಲದೇ ಇರೋ ಪಿಕ್ಸೆಲ್ ಡಬ್ಬಿಯೊಳಗೆ ಹುಟ್ಟಲ್ಲ.

ಹಳೇದನ್ನ ಹೊಸ ಎನ್‌ವಿಆರ್‌ಗೆ ಸೇರ್ಸಿ ಚಿತ್ರ ಬರ್ಲಿಲ್ಲ ಅಂತ ಡಬ್ಬಿನ ಬೈಯೋರೂ ಇದಾರೆ. ಬೇರೆ ಬೇರೆ ಕಂಪನಿಗಳ ಕ್ಯಾಮೆರಾ, ರೆಕಾರ್ಡರ್ ಒಂದಕ್ಕೊಂದು ಮಾತಾಡೋಕೆ ಇರೋ ಒನ್‌ವಿಫ್ ಅನ್ನೋ ಸಾಮಾನ್ಯ ಭಾಷೆ ಶುರುವಾಗಿದ್ದೇ 2008ರಲ್ಲಿ, ಅದಕ್ಕಿಂತ ಹಿಂದಿನವು ಆ ಭಾಷೆ ಎಲ್ಲಿಂದ ಕಲೀಬೇಕು, ಎಷ್ಟೋ ಡಬ್ಬಿಗಳು ಕೊಡೋದು ಮೋಷನ್ ಜೆಪೆಗ್ ಇಲ್ಲಾ ಎಂಪೆಗ್-4 ಅನ್ನೋ ಹಳೇ ಕಂಪ್ರೆಷನ್, ಎನ್‌ವಿಆರ್ ಕಾಯ್ತಿರೋದು ಎಚ್.264ಗೆ. ನೋಡೋಕೆ ಇಂಟರ್ನೆಟ್ ಎಕ್ಸ್‌ಪ್ಲೋರರಿನ ಆಕ್ಟಿವ್ಎಕ್ಸ್ ಪ್ಲಗಿನ್ ಕೇಳೋವು ಬೇರೆ. ಪಾಸ್‌ವರ್ಡ್ ಕೂಡ ಬದಲಾಯಿಸದೆ ಇವನ್ನ ನೇರ ಇಂಟರ್ನೆಟ್ಟಿಗೆ ತೆರೆದಿಡೋರ ಬಗ್ಗೆ ಮಾತಾಡಲ್ಲ, ಬಿಪಿ ಏರುತ್ತೆ.

ಹಾಂ, ಎಚ್‌ಡಿ-ಟಿವಿಐ (ಕೋಆಕ್ಸಲ್ಲೇ ಎಚ್‌ಡಿ ಚಿತ್ರ ಕಳ್ಸೋ) ಕ್ಯಾಮೆರಾನೂ ಅದೇ ಬಿಎನ್‌ಸಿಗೆ ಸರಿಯಾಗಿ ಕೂರುತ್ತೆ. ಕೂತ್ರೂ ಹಳೇ ವಿಡಿಯೋ ಸರ್ವರಲ್ಲಿ ಚಿತ್ರ ಬರಲ್ಲ, ಕನೆಕ್ಟರ್ ಒಂದೇ ಆದ್ರೂ ಒಳಗೆ ಹರಿಯೋ ಸಿಗ್ನಲ್ ಬೇರೆ.