ಜೆಹ್ರಾ ದೋಆನ್: ಚಿತ್ರವೂ ಒಂದು ವರದಿ

ಈ ಟಿಪ್ಪಣಿ ಓದುವ ಮೊದಲು, ಟರ್ಕಿಯ ಕುರ್ದ್ ಕಲಾವಿದೆ, ಪತ್ರಕರ್ತೆ ಜೆಹ್ರಾ ದೋಆನ್ ಬರೆದ ನುಸೈಬಿನ್ ಚಿತ್ರವನ್ನು ಒಮ್ಮೆ ನಿಧಾನವಾಗಿ ನೋಡಿ. ಕುಸಿದ ಮನೆಗಳ ಸಾಲು. ಬರೀ ಅಸ್ಥಿಪಂಜರದಂತೆ ಉಳಿದ ಕಟ್ಟಡಗಳು. ಅವುಗಳ ಮೇಲಿಂದ ಇಳಿಬಿಟ್ಟ ಟರ್ಕಿಯ ಕೆಂಪು ಬಾವುಟಗಳು. ಕೆಳಗೆ ಮಿಲಿಟರಿ ಗಾಡಿಗಳು ನಿಂತಿದ್ದ ಜಾಗದಲ್ಲಿ ಚೇಳಿನಂಥ ದೊಡ್ಡ ಪ್ರಾಣಿಗಳು, ಜನರನ್ನು ನುಂಗುತ್ತಿವೆ.

ಈ ಚಿತ್ರಕ್ಕೆ ಆಧಾರ ಒಂದು ಫೋಟೋ. 2016ರಲ್ಲಿ ಟರ್ಕಿಯ ಗಡಿ ಊರು ನುಸೈಬಿನ್‌ನಲ್ಲಿ ಮಿಲಿಟರಿ ಕಾರ್ಯಾಚರಣೆ ಮುಗಿದಾಗ ಟರ್ಕಿಯ ಭದ್ರತಾ ಪಡೆಗಳ ಕಡೆಯಿಂದಲೇ ಸೋಷಿಯಲ್ ಮೀಡಿಯಾಕ್ಕೆ ಬಂದ ಫೋಟೋ ಅದು. ಅಂದರೆ ಬಾವುಟಗಳು ಮೊದಲೇ ಅಲ್ಲಿದ್ದವು. ಹಾಳು ಮನೆಗಳೂ ಇದ್ದವು. ಜೆಹ್ರಾ ಬದಲಾಯಿಸಿದ್ದು ಮುಖ್ಯವಾಗಿ ಗಾಡಿಗಳನ್ನು. ಇದನ್ನು ಗಟ್ಟಿಯಾಗಿ ನೆನಪಿಟ್ಟುಕೊಳ್ಳಿ. ಮುಂದಿನ ಕೇಸು, ಶಿಕ್ಷೆ, ಹೆಸರು ಎಲ್ಲವೂ ಇಲ್ಲಿಂದಲೇ ಶುರುವಾಗುತ್ತವೆ.

ಹೆಸರಿನ ಬಗ್ಗೆ ಒಂದು ಮಾತು. ಟರ್ಕಿಶ್ ಲಿಪಿಯಲ್ಲಿ 'ದೋಆನ್' ಎಂಬ ಹೆಸರಿನ ನಡುವೆ ಟೊಪ್ಪಿ ಹಾಕಿದ 'ಗ' ಬರುತ್ತದೆ. ಅದಕ್ಕೆ ಸ್ವಂತ ಸದ್ದಿಲ್ಲ, ಹಿಂದಿನ ಸ್ವರವನ್ನು ಸ್ವಲ್ಪ ಎಳೆಯುತ್ತದೆ ಅಷ್ಟೆ. ಹಾಗಾಗಿ 'ಡೋಗನ್' ಅಂತ ಓದಬೇಡಿ, 'ದೋಆನ್' ಅನ್ನಿ.

ಊರು, ಓದು, ಮೊದಲ ಕೆಲಸ

ಹುಟ್ಟಿದ್ದು 1989ರಲ್ಲಿ, ಟರ್ಕಿಯ ಆಗ್ನೇಯದ ದಿಯಾರ್‌ಬಕಿರ್‌ನಲ್ಲಿ. ಕುರ್ದ್ ಜನ ಹೆಚ್ಚಾಗಿರುವ ದೊಡ್ಡ ಪಟ್ಟಣ ಅದು. ಜೆಹ್ರಾ ಕೂಡ ಕುರ್ದ್. ಹಲವು ಕಡೆ ಅವರನ್ನು ಸುಮ್ನೆ 'ಟರ್ಕಿಶ್ ಕಲಾವಿದೆ' ಅಂತ ಬರೆದುಬಿಡುತ್ತಾರೆ. ಪೌರತ್ವದ ಲೆಕ್ಕದಲ್ಲಿ ಅದು ಸರಿ. ಆದರೆ ಅವರ ಕೆಲಸದ ಬೇರು ಎಲ್ಲಿದೆ ಅನ್ನುವುದು ಆ ಪದದಲ್ಲಿ ಕಾಣುವುದಿಲ್ಲ. ನಾನು 'ಟರ್ಕಿಯ ಕುರ್ದ್ ಕಲಾವಿದೆ' ಅಂತ ಬರೆಯುತ್ತೇನೆ.

ಓದಿದ್ದು ದಿಜ್ಲೆ ವಿಶ್ವವಿದ್ಯಾಲಯದಲ್ಲಿ, ಚಿತ್ರಕಲೆ. ದಿಜ್ಲೆ ಅಂದರೆ ಟೈಗ್ರಿಸ್ ನದಿ. 2012ರ ಮಾರ್ಚ್ 8ರಂದು, ಮಹಿಳಾ ದಿನದಂದೇ, ಜಿನ್ಹಾ ಎಂಬ ಸುದ್ದಿಸಂಸ್ಥೆ ಶುರುವಾಯಿತು. ಅದನ್ನು ಕಟ್ಟಿದವರಲ್ಲಿ ಜೆಹ್ರಾ ಒಬ್ಬರು. ವರದಿಗಾರರಿಂದ ಹಿಡಿದು ಸಂಪಾದಕರ ತನಕ ಎಲ್ಲರೂ ಹೆಂಗಸರೇ. ಕುರ್ದಿಶ್‌ನಲ್ಲಿ 'ಜಿನ್' ಅಂದರೆ ಹೆಣ್ಣು. ಉಳಿದ ಅಕ್ಷರಗಳು ಟರ್ಕಿಶ್‌ನ 'ಹಬೆರ್ ಅಜಾನ್ಸಿ', ಅಂದರೆ ಸುದ್ದಿಸಂಸ್ಥೆ ಅನ್ನುವುದರಿಂದ ಬಂದವು. ಈ 'ಹಬೆರ್' ನಮಗೆ ಹೊಸದೇನಲ್ಲ. ಉತ್ತರ ಕರ್ನಾಟಕದಲ್ಲಿ 'ಖಬರ್' ಅಂತಾರಲ್ಲ, ಅದೇ ಇದು. ಎರಡೂ ಅರಬ್ಬಿಯಿಂದ ಬಂದ ಪದಗಳು.

2014ರ ಆಗಸ್ಟ್‌ನಲ್ಲಿ ಐಸಿಸ್ ಉಗ್ರರು ಇರಾಕಿನ ಸಿಂಜಾರ್ ಮೇಲೆ ದಾಳಿ ಮಾಡಿ, ಯಜಿದಿ ಎಂಬ ಅಲ್ಪಸಂಖ್ಯಾತ ಸಮುದಾಯದ ಸಾವಿರಾರು ಹೆಂಗಸರನ್ನು ಹೊತ್ತೊಯ್ದರು. ತಪ್ಪಿಸಿಕೊಂಡು ಬಂದವರ ಮಾತನ್ನು ಜೆಹ್ರಾ ಕೂತು ಕೇಳಿದರು, ಬರೆದರು. ಆ ವರದಿಗಳಿಗೆ 2015ರ ಮೆತಿನ್ ಗ್ಯೊಕ್ತೆಪೆ ಪತ್ರಿಕೋದ್ಯಮ ಪ್ರಶಸ್ತಿ ಸಿಕ್ಕಿತು. ಮೆತಿನ್ ಗ್ಯೊಕ್ತೆಪೆ 1996ರಲ್ಲಿ ಪೊಲೀಸ್ ವಶದಲ್ಲಿ ಹೊಡೆತ ತಿಂದು ಸತ್ತ ಪತ್ರಕರ್ತ. ಟರ್ಕಿಯಲ್ಲಿ ಆ ಹೆಸರಿನ ಪ್ರಶಸ್ತಿಗೆ ತೂಕ ಜಾಸ್ತಿ.

ನುಸೈಬಿನ್‌ನಲ್ಲಿ ಏನಾಯಿತು

ಇಲ್ಲಿ ಸ್ವಲ್ಪ ಹಿನ್ನೆಲೆ ಬೇಕು. ಪಿಕೆಕೆ ಎಂಬ ಕುರ್ದ್ ಸಶಸ್ತ್ರ ಸಂಘಟನೆಗೂ ಟರ್ಕಿ ಸರ್ಕಾರಕ್ಕೂ 1984ರಲ್ಲಿ ಕಾಳಗ ಶುರುವಾಗಿತ್ತು. ನಡುವೆ ಶಾಂತಿ ಮಾತುಕತೆ ನಡೆದಿತ್ತು. 2015ರ ಜುಲೈನಲ್ಲಿ ಅದು ಮುರಿದುಬಿತ್ತು. ಆಮೇಲೆ ಜಗಳ ಬೆಟ್ಟ ಬಿಟ್ಟು ಊರೊಳಗೆ ಬಂತು. ಪಿಕೆಕೆ ಪರ ಯುವಕರು ಬೀದಿಗಳಲ್ಲಿ ಕಂದಕ ತೋಡಿದರು, ಸ್ಫೋಟಕ ಇಟ್ಟರು. ಸರ್ಕಾರ ಕರ್ಫ್ಯೂ ಹಾಕಿ ಟ್ಯಾಂಕ್ ಕಳಿಸಿತು. ಭಯೋತ್ಪಾದನೆ ಹತ್ತಿಕ್ಕುವ ಕೆಲಸ ಎಂದಿತು. ನುಸೈಬಿನ್ ಸಿರಿಯಾ ಗಡಿಗೆ ಅಂಟಿಕೊಂಡ ಊರು. ಬೇಲಿ ಆಚೆಗೆ ಕಾಮಿಶ್ಲಿ. 2016ರ ಮಾರ್ಚ್‌ನಿಂದ ತಿಂಗಳುಗಟ್ಟಲೆ ಇಲ್ಲಿ ಕರ್ಫ್ಯೂ ಇತ್ತು, ಕೇರಿಗಳಿಗೆ ಕೇರಿಗಳೇ ನೆಲಸಮವಾದವು. ಜೆಹ್ರಾ ಆ ದಿನಗಳಲ್ಲಿ ಅಲ್ಲೇ ಇದ್ದು ವರದಿ ಮಾಡಿದರು. ಚಿತ್ರ ಬರೆದರು.

ಜುಲೈ 15ರ ರಾತ್ರಿ ಟರ್ಕಿಯಲ್ಲಿ ಮಿಲಿಟರಿ ದಂಗೆಯ ಯತ್ನ ನಡೆಯಿತು. ಹಿಂದೆಯೇ ತುರ್ತು ಪರಿಸ್ಥಿತಿ ಬಂತು. ಜುಲೈ 21ಕ್ಕೆ ಜೆಹ್ರಾ ಬಂಧನ. ಮಾರ್ದಿನ್ ಜೈಲಿನಲ್ಲಿ 141 ದಿನ ಇದ್ದು ಡಿಸೆಂಬರ್ 9ಕ್ಕೆ ಹೊರಬಂದರು. ಅವರು ಒಳಗಿದ್ದಾಗಲೇ, ಅಕ್ಟೋಬರ್ ಕೊನೆಯಲ್ಲಿ, ಸುಗ್ರೀವಾಜ್ಞೆಯೊಂದು ಜಿನ್ಹಾವನ್ನು ಮುಚ್ಚಿಸಿತ್ತು. ಹೊರಗೆ ಬಂದಾಗ ವಾಪಸ್ ಹೋಗಲು ಆಫೀಸೇ ಇರಲಿಲ್ಲ.

2017ರ ಮಾರ್ಚ್ 2ರಂದು ತೀರ್ಪು ಬಂತು. ನಿಷೇಧಿತ ಸಂಘಟನೆಯ ಸದಸ್ಯೆ ಎಂಬ ಆರೋಪ ನಿಲ್ಲಲಿಲ್ಲ. ಆ ಸಂಘಟನೆಯ ಪರ ಪ್ರಚಾರ ಮಾಡಿದರು ಎಂಬ ಆರೋಪಕ್ಕೆ 2 ವರ್ಷ 9 ತಿಂಗಳು 22 ದಿನ ಶಿಕ್ಷೆಯಾಯಿತು. ಚಿತ್ರ ಟೀಕೆಯ ಎಲ್ಲೆ ದಾಟಿದೆ ಅನ್ನುವುದು ಕೋರ್ಟಿನ ನಿಲುವು. ಹಾಳು ಕಟ್ಟಡಗಳ ಮೇಲೆ ಬಾವುಟ ಹಾಕಿದ್ದು ಸರ್ಕಾರದವರೇ, ನಾನು ಅದನ್ನು ಬರೆದೆ ಅಷ್ಟೆ ಅನ್ನುವುದು ಜೆಹ್ರಾ ಉತ್ತರ.

ಬಹಳ ಜನ ಇಲ್ಲಿ ಎಡವುತ್ತಾರೆ. 'ಒಂದು ಚಿತ್ರಕ್ಕೆ ಜೈಲು' ಅನ್ನುವುದು ಅರ್ಧ ಕಥೆ. ಕೇಸಿನಲ್ಲಿ ಒಂದು ಸುದ್ದಿಯೂ ಇತ್ತು. ಕರ್ಫ್ಯೂ ನಡುವೆ ಸಿಕ್ಕಿಬಿದ್ದ ಹತ್ತು ವರ್ಷದ ಹುಡುಗಿಯೊಬ್ಬಳ ಮಾತುಗಳನ್ನು ಜೆಹ್ರಾ ವರದಿ ಮಾಡಿದ್ದರು. ಅದನ್ನೂ ಚಿತ್ರವನ್ನೂ ಪಕ್ಕಪಕ್ಕದಲ್ಲಿಟ್ಟೇ ಕೋರ್ಟು ನೋಡಿತು. ನನಗೆ ಇದು ಬಹಳ ಮುಖ್ಯ ಅನ್ನಿಸುತ್ತದೆ. 'ಚಿತ್ರಕಾರ್ತಿ ಮತ್ತು ಪತ್ರಕರ್ತೆ' ಅಂತ ಎರಡು ಕೆಲಸ ಬೇರೆಬೇರೆ ಮಾಡಿ ಬರೆಯುತ್ತೇವೆ ಅಲ್ವಾ? ಜೆಹ್ರಾ ಕೈಯಲ್ಲಿ ಅವು ಬೇರೆಯಾಗಿರಲೇ ಇಲ್ಲ. ಕ್ಯಾಮೆರಾ ಒಯ್ಯಲಾಗದ ಜಾಗಕ್ಕೆ ಗೆರೆ ಹೋಯಿತು. ಫೋಟೋದಲ್ಲಿ ಗಾಡಿ ಬರೀ ಗಾಡಿ. ಒಳಗೆ ಸಿಕ್ಕಿಬಿದ್ದವರಿಗೆ ಅದು ಹೇಗೆ ಕಾಣುತ್ತಿತ್ತು ಅನ್ನುವುದು ಚೇಳಿನಲ್ಲಿದೆ.

ಜೈಲಿನ ಬಣ್ಣದ ಪೆಟ್ಟಿಗೆ

2017ರ ಜೂನ್ 12ಕ್ಕೆ ಮತ್ತೆ ಒಳಗೆ ಹೋದರು. ಮೊದಲು ದಿಯಾರ್‌ಬಕಿರ್, ಆಮೇಲೆ ತಾರ್ಸುಸ್ ಜೈಲು. ಬಣ್ಣ, ಕುಂಚ ಕೊಡಲಿಲ್ಲ. ಬರೆದ ಕೆಲವನ್ನು ಸಿಬ್ಬಂದಿ ಕಿತ್ತುಕೊಂಡು ಹಾಳುಮಾಡಿದರು.

ಆಗ ಅವರು ಕೈಗೆ ಸಿಕ್ಕಿದ್ದರಿಂದ ಬಣ್ಣ ಮಾಡಿಕೊಂಡರು. ಚಹಾ, ಕಾಫಿ, ಟೊಮೆಟೊ, ದಾಳಿಂಬೆ, ಅರಿಶಿನ, ಸೊಪ್ಪು, ಸಿಗರೇಟಿನ ಬೂದಿ. ಮುಟ್ಟಿನ ರಕ್ತವನ್ನೂ ಬಳಸಿದರು. ಉದುರಿದ ಕೂದಲು, ಅಂಗಳದಲ್ಲಿ ಬಿದ್ದ ಹಕ್ಕಿ ಪುಕ್ಕ ಕುಂಚವಾದವು. ಬರೆಯಲು ಹಳೇ ಪೇಪರು, ಬಟ್ಟೆ, ಟವೆಲ್.

ಇದನ್ನು ಓದಿ ಸುಮ್ಮನಿರಲಾಗದೆ ನಾನೂ ಒಂದು ಸಂಜೆ ಪ್ರಯತ್ನಿಸಿದೆ. ಗಟ್ಟಿ ಡಿಕಾಕ್ಷನ್ ಅದ್ದಿ ಪೇಪರ್ ಮೇಲೆ ಗೆರೆ ಎಳೆದೆ. ಎರಡೇ ಕ್ಷಣ, ಗೆರೆ ಹರಡಿ ಹಿಂದಿನ ಪುಟಕ್ಕೂ ಇಳಿಯಿತು. ಅಂಚು ನಿಲ್ಲಲೇ ಇಲ್ಲ. ಡಿಕಾಕ್ಷನ್ ಒಲೆ ಮೇಲಿಟ್ಟು ಕುದಿಸಿ ಮಂದ ಮಾಡಿದ ಮೇಲೆ ಸ್ವಲ್ಪ ಹಿಡಿತ ಬಂತು. ಅರಿಶಿನ ಮೊದಲಿಗೆ ಝಗ್ ಅಂತ ಹೊಳೆಯಿತು. ಸುಣ್ಣ ತಾಗಿಸಿದರೆ ಆರತಿ ನೀರಿನ ಹಾಗೆ ಕೆಂಪಾಯಿತು. ಆದರೆ ಕಿಟಕಿ ಬಿಸಿಲಿನಲ್ಲಿ ಒಂದು ವಾರ ಇಟ್ಟೆ, ಹಳದಿ ಬಹುಪಾಲು ಮಾಸಿತ್ತು. ಅರಿಶಿನಕ್ಕೆ ಬಿಸಿಲು ಆಗಿಬರುವುದಿಲ್ಲ. ರಕ್ತ ಒಣಗಿದರೆ ಕಂದಾಗುತ್ತದೆ. ಪೇಪರು ತಾನೇ ಹಳದಿಗಟ್ಟುತ್ತದೆ. ಜೈಲಿನ ಚಿತ್ರಗಳಲ್ಲಿ ಕಂದು, ಮಾಸಲು ಬಣ್ಣ ಕಂಡರೆ ಅದನ್ನು ಬರೀ ದುಃಖದ ಸಂಕೇತ ಅಂತ ಬರೆದು ಮುಗಿಸಬೇಡಿ. ಆ ಕೋಣೆಯಲ್ಲಿ ಯಾವ ಪದಾರ್ಥ ಸಿಗುತ್ತಿತ್ತು ಅನ್ನುವ ದಾಖಲೆಯೂ ಅದರಲ್ಲಿದೆ.

ಪತ್ರಿಕೆಯ ಕೆಲಸವೂ ನಿಂತಿರಲಿಲ್ಲ. ಮಾರ್ದಿನ್ ಜೈಲಿನಲ್ಲಿದ್ದಾಗ ಜೊತೆಗಿದ್ದ ಹೆಂಗಸರ ಸಂಗಡ ಕೈಬರಹದ ಪತ್ರಿಕೆ ಮಾಡಿದರು. 'ಓಜ್ಗ್ಯುರ್ ಗುಂದೆಮ್' ಎಂಬ ದಿನಪತ್ರಿಕೆಯನ್ನು ಸರ್ಕಾರ 2016ರ ಆಗಸ್ಟ್‌ನಲ್ಲಿ ಮುಚ್ಚಿಸಿತ್ತು. ಇವರು ಅದೇ ಹೆಸರಿಗೆ 'ಜಿಂದಾನ್', ಅಂದರೆ ಸೆರೆಮನೆ, ಅಂತ ಸೇರಿಸಿ ಒಳಗಿಂದ ಹೊರತಂದರು. ಸುದ್ದಿ, ಚಿತ್ರ ಎಲ್ಲ ಕೈಯಲ್ಲೇ.

'ಖೇಜೆನ್ ದಿಜಿ' ಎಂಬ ಚಿತ್ರಮಾಲೆ ಹೇಗಾಯಿತು ನೋಡಿ. ಹೆಸರಿನ ಅರ್ಥ 'ಗುಟ್ಟಿನ ಗೆರೆಗಳು'. ಫ್ರಾನ್ಸ್‌ನಲ್ಲಿದ್ದ ಗೆಳತಿ ನಾಜ್ ಓಕೆ ಕಂದು ಕಾಗದದಲ್ಲಿ ಪತ್ರ ಬರೆಯುತ್ತಿದ್ದರು. ಒಂದು ಬದಿ ಪತ್ರ, ಇನ್ನೊಂದು ಬದಿ ಬೇಕಂತಲೇ ಖಾಲಿ. ಕಾಗದ ಒಳಗೆ ಬಿಡುವುದಿಲ್ಲ, ಪತ್ರ ಬಿಡುತ್ತಾರೆ. ಆ ಖಾಲಿ ಬೆನ್ನಿನ ಮೇಲೆ ಜೆಹ್ರಾ ದಿಯಾರ್‌ಬಕಿರ್ 5ನೇ ಸಂಖ್ಯೆ ಜೈಲಿನ ಕಥೆ ಬರೆದರು. 1980ರ ಮಿಲಿಟರಿ ದಂಗೆಯ ನಂತರ ಚಿತ್ರಹಿಂಸೆಗೆ, ಉಪವಾಸ ಮಾಡಿ ಸತ್ತ ಕೈದಿಗಳಿಗೆ ಕುಖ್ಯಾತವಾದ ಜೈಲು ಅದು. ತಾವೇ ಇದ್ದ ಜೈಲಿನ ಹಳೇ ಚರಿತ್ರೆಯನ್ನು ಒಳಗೆ ಕೂತೇ ಬರೆದದ್ದು. ಅದು 2021ರಲ್ಲಿ ಫ್ರೆಂಚ್‌ನಲ್ಲಿ ಚಿತ್ರಕಾದಂಬರಿಯಾಗಿ ಬಂತು.

'ಖೇಜೆನ್' ಎಂಬ ಹೆಸರಿನ 'ಖ' ಸದ್ದಿಗೆ ಕುರ್ದಿಶ್‌ನಲ್ಲಿ 'ಎಕ್ಸ್' ಅಕ್ಷರ ಬರೆಯುತ್ತಾರೆ. 1928ರ ಟರ್ಕಿಶ್ ಲಿಪಿಯಲ್ಲಿ ಎಕ್ಸ್, ಕ್ಯೂ, ಡಬ್ಲ್ಯೂ ಇಲ್ಲ. ಸರ್ಕಾರಿ ಕಾಗದಗಳಲ್ಲಿ ಆ ಅಕ್ಷರ ಬರೆದವರು ಬಹಳ ಕಾಲ ತೊಂದರೆ ಅನುಭವಿಸಿದರು. ಹಾಗಾಗಿ ಶೀರ್ಷಿಕೆಯ ಮೊದಲಕ್ಷರವನ್ನೂ ಗಮನಿಸಿ ಓದಬೇಕು.

ಹೊರಗಿನ ಗೋಡೆ

2018ರ ಮಾರ್ಚ್‌ನಲ್ಲಿ ಬ್ಯಾಂಕ್ಸಿ ಎಂಬ ಗೋಡೆಚಿತ್ರಕಾರ ನ್ಯೂಯಾರ್ಕಿನ ಹೌಸ್ಟನ್ ಮತ್ತು ಬವರಿ ರಸ್ತೆಗಳು ಕೂಡುವ ಕಡೆ ಸುಮಾರು 70 ಅಡಿ ಉದ್ದದ ಚಿತ್ರ ಬರೆದರು. ಹಾಲಿನ ಲೆಕ್ಕಕ್ಕೆ ಗೋಡೆ ಮೇಲೆ ಗೀಟು ಎಳೆಯುತ್ತಿದ್ದರಲ್ಲ, ಆ ಥರ ಗೀಟುಗಳ ಸಾಲು. ಒಂದೊಂದು ಗೀಟು ಜೈಲಿನ ಒಂದೊಂದು ದಿನ. ಒಂದು ಗುಂಪಿನ ಗೀಟುಗಳೇ ಕಂಬಿಗಳಾಗಿ, ಹಿಂದಿನಿಂದ ಜೆಹ್ರಾ ಮುಖ ನೋಡುತ್ತಿದೆ. ಕೈಯಲ್ಲಿ ಹಿಡಿದ ಕಂಬಿ ಪೆನ್ಸಿಲ್ ಕೂಡ ಹೌದು. ರಾತ್ರಿ ಹೊತ್ತು ನುಸೈಬಿನ್ ಚಿತ್ರವನ್ನೇ ಮೇಲುಗಡೆ ಪ್ರೊಜೆಕ್ಟರ್‌ನಲ್ಲಿ ಬೀಳಿಸಿದರು. ಪ್ರಪಂಚಕ್ಕೆ ಜೆಹ್ರಾ ಹೆಸರು ಮುಟ್ಟಿದ್ದು ಹೆಚ್ಚಾಗಿ ಇದರಿಂದ. ಟಿಪ್ಪಣಿ ಬರೆಯುವಾಗ ಬ್ಯಾಂಕ್ಸಿಗೆ ಎರಡು ಸಾಲು ಸಾಕು. ಜಾಗ ಜೆಹ್ರಾ ಚಿತ್ರಗಳಿಗೆ ಇಡಿ.

2019ರ ಫೆಬ್ರವರಿ 24ರಂದು ತಾರ್ಸುಸ್‌ನಿಂದ ಬಿಡುಗಡೆ. ಎರಡನೇ ಸಲದ ಸೆರೆವಾಸ 20 ತಿಂಗಳು ದಾಟಿತ್ತು. ಅದೇ ಮೇ ತಿಂಗಳಲ್ಲಿ ಲಂಡನ್ನಿನ ಟೇಟ್ ಮಾಡರ್ನ್ ಕಲಾ ಸಂಗ್ರಹಾಲಯದಲ್ಲಿ 'ಎ ಲಿ ದು ಮಾನ್', ಅಂದರೆ 'ಹಿಂದೆ ಉಳಿದದ್ದು', ಎಂಬ ಕೆಲಸ ಇಟ್ಟರು. ಹಾಳಾದ ಕುರ್ದ್ ಊರುಗಳ ಮನೆಗಳಿಂದ ಆಯ್ದು ತಂದ ಬಳಕೆಯ ವಸ್ತುಗಳು. ಆ ವರ್ಷವೇ ಇಟಲಿಯ ಬ್ರೆಶಿಯಾದಲ್ಲಿ ಜೈಲಿನ ಚಿತ್ರಗಳ ಪ್ರದರ್ಶನ ನಡೆಯಿತು. ಪತ್ರಗಳ ಬೆನ್ನಿನ ಆ ಪುಟಗಳು 2020ರ ಬರ್ಲಿನ್ ಬಿಯೆನಾಲೆ ಎಂಬ ಕಲಾಪ್ರದರ್ಶನಕ್ಕೆ ಹೋದವು.

ಜೊತೆಗೆ ಓದುವವರಿಗೆ ಒಂದು ಅಭ್ಯಾಸ. ನುಸೈಬಿನ್ ಫೋಟೋ ಮತ್ತು ಚಿತ್ರ ಪಕ್ಕಪಕ್ಕ ಇಟ್ಟುಕೊಳ್ಳಿ. ಪುಟವನ್ನು ಮೂರು ಕಾಲಂ ಮಾಡಿ. ಫೋಟೋದಲ್ಲಿ ಮೊದಲೇ ಇದ್ದದ್ದು ಒಂದರಲ್ಲಿ, ಜೆಹ್ರಾ ಸೇರಿಸಿದ್ದು ಇನ್ನೊಂದರಲ್ಲಿ, ತಪ್ಪು ಅಂತ ಆರೋಪ ಬಂದದ್ದು ಮೂರನೆಯದರಲ್ಲಿ. ಬಾವುಟ ಯಾವ ಯಾವ ಕಾಲಂನಲ್ಲಿ ಬರುತ್ತದೆ ಅಂತ ನೋಡಿ.