ಚಿಲಕದ ಬಣ್ಣ ಏಕೆ ಇಳಿಯುತ್ತದೆ?

ಬಾಗಿಲಿನ ಆಲ್‌ಡ್ರಾಪ್, ಟವರ್ ಬೋಲ್ಟ್, ಹಿಡಿಕೆಗಳಿಗೆ ಮನೆಯಲ್ಲೇ ಸ್ಪ್ರೇ ಪೇಂಟ್ ಹೊಡೆಯುವವರಲ್ಲಿ ಅನೇಕರು, ಬಣ್ಣ ದಪ್ಪವಾದಷ್ಟೂ ಬಾಳಿಕೆ ಹೆಚ್ಚೆಂದು ನಂಬಿ, ಒಂದೇ ಸಲಕ್ಕೆ ಕಬ್ಬಿಣ ಮುಚ್ಚಿಹೋಗುವಷ್ಟು ಹೊಡೆದುಬಿಡುತ್ತಾರೆ. ಸ್ವಲ್ಪ ಹೊತ್ತಿನಲ್ಲೇ ಹಿಡಿಕೆಯ ಕೆಳಅಂಚಿನಲ್ಲಿ ಬಣ್ಣ ಹನಿಗಟ್ಟುತ್ತದೆ, ಬೈಗುಳ ಡಬ್ಬಿಗೆ ಬೀಳುತ್ತದೆ.

ಇಲ್ಲಿ ಕೆಲಸ ಮಾಡುವ ನಿಯಮ ಬಹಳ ಸೊಗಸಾದದ್ದು. ನೆಟ್ಟಗೆ ನಿಂತ ಲೋಹದ ಮೇಲಿನ ಹಸಿ ಬಣ್ಣವನ್ನು ಗುರುತ್ವ ಕೆಳಕ್ಕೆಳೆದರೆ, ಅದರ ಸ್ನಿಗ್ಧತೆ, ಅಂದರೆ ಹರಿಯದಂತೆ ಹಿಡಿಯುವ ಮಂದತನ, ತಡೆಯುತ್ತದೆ. ಲೋಹಕ್ಕೆ ತಾಗಿಕೊಂಡ ಪದರ ಅಲುಗುವುದೇ ಇಲ್ಲ. ಅಲ್ಲಿಂದ ಹೊರಕ್ಕೆ ಬಂದಷ್ಟೂ ಜಾರುವ ವೇಗ ಹೆಚ್ಚುತ್ತದೆ, ಮತ್ತು ಹೊರಮೈಯ ವೇಗ ಬಣ್ಣದ ದಪ್ಪದ ವರ್ಗಕ್ಕೆ ಅನುಗುಣವಾಗಿರುತ್ತದೆ. ದಪ್ಪ ಹೆಚ್ಚಿದಾಗ ಜಾರಲು ಸಿಗುವ ಬಣ್ಣವೂ ಹೆಚ್ಚುವುದರಿಂದ, ಒಟ್ಟು ಹರಿವು ದಪ್ಪದ ಘನದಂತೆ ಏರುತ್ತದೆ. ಎರಡು ಪಟ್ಟು ದಪ್ಪಕ್ಕೆ ಹರಿವು 8 ಪಟ್ಟು, ಮೂರು ಪಟ್ಟು ದಪ್ಪಕ್ಕೆ 27 ಪಟ್ಟು! ತೆಳುವಾದ ಕೋಟ್ ಜಾರುವ ಮೊದಲೇ ಅದರ ದ್ರಾವಕ ಹಾರಿ ಬಣ್ಣ ಬಿಗಿಯುತ್ತದೆ. ದಪ್ಪ ಕೋಟಿನಲ್ಲಾದರೋ ಮೇಲೆ ಕೆನೆಗಟ್ಟಿ, ಒಳಗಿನ ದ್ರಾವಕ ಸಿಕ್ಕಿಬಿದ್ದು, ವಾರ ಕಳೆದರೂ ಉಗುರು ಒತ್ತಿದಲ್ಲಿ ಗುರುತು ಮೂಡುತ್ತದೆ.

ಇಂಥ ಸ್ಪ್ರೇ ಡಬ್ಬಿಯಲ್ಲಿ ಮೊದಲು ಬಣ್ಣ ತುಂಬಿದವರು ಅಮೆರಿಕದ ಇಲಿನಾಯ್ ರಾಜ್ಯದ ಎಡ್ವರ್ಡ್ ಸೀಮೋರ್. ಅವರ ಪತ್ನಿ ಬಾನಿ ಕೊಟ್ಟ ಸಲಹೆಯಂತೆ 1949ರಲ್ಲಿ ಅವರು ತುಂಬಿದ ಆ ಅಲ್ಯೂಮಿನಿಯಂ ಬಣ್ಣವೂ ಲೋಹಕ್ಕಾಗಿಯೇ, ಮನೆ ಬೆಚ್ಚಗಿಡುವ ರೇಡಿಯೇಟರುಗಳಿಗಾಗಿಯೇ ಇತ್ತು. ಡಬ್ಬಿಯೊಳಗೆ ಟಕಟಕ ಎನ್ನುವ ಗುಂಡು ತಳದಲ್ಲಿ ಕೂತ ವರ್ಣಕವನ್ನು ಕಲಕುತ್ತದೆ. ಬಣ್ಣವನ್ನು ಹೊರದೂಡಲು ಹಿಂದೆ ಬಳಸುತ್ತಿದ್ದ ಸಿಎಫ್‌ಸಿ (ಕ್ಲೋರೋಫ್ಲೋರೋಕಾರ್ಬನ್) ಅನಿಲಗಳ ಜಾಗಕ್ಕೆ ಈಗ ಹೆಚ್ಚಾಗಿ ಅಡುಗೆ ಅನಿಲದ ಜಾತಿಯ, ಬೆಂಕಿ ಹೊತ್ತಿಕೊಳ್ಳುವ ಅನಿಲಗಳು ಬಂದಿವೆ. ಆದ್ದರಿಂದ ಈ ಕೆಲಸ ಒಲೆಯಿಂದಲೂ ದೇವರ ದೀಪದಿಂದಲೂ ದೂರ, ಗಾಳಿಯಾಡುವ ಕಡೆ ನಡೆಯಬೇಕು.

ಇನ್ನು ಅಂಟಿಕೊಳ್ಳುವ ವಿಚಾರ. ಬಣ್ಣ ಅಂಟಬೇಕಾದರೆ ಮೊದಲು ಲೋಹದ ಮೇಲೆ ಹರಡಿಕೊಳ್ಳಬೇಕು. ವರ್ಷಗಟ್ಟಲೆ ಕೈಯ ಜಿಡ್ಡು, ಕೀಲೆಣ್ಣೆ ಕುಡಿದ ಚಿಲಕದ ಮೇಲೆ ಅದು ಕೆಸುವಿನ ಎಲೆಯ ಮೇಲಿನ ನೀರಿನಂತೆ ಹಿಂದೆ ಸರಿದು, ಅಲ್ಲಲ್ಲಿ ಸಣ್ಣ ಗುಂಡಗಿನ ಕುಳಿಗಳನ್ನು ಬಿಡುತ್ತದೆ. ಸೀಮೆಎಣ್ಣೆಯಲ್ಲಿ ಒರೆಸಿದರೆ ಸಾಕೆನ್ನುವವರಿದ್ದಾರೆ. ಆದರೆ ಸೀಮೆಎಣ್ಣೆ ತಾನೇ ಜಿಡ್ಡನ್ನು ಉಳಿಸಿಹೋಗುತ್ತದೆ. ಸೋಪುನೀರಿನಲ್ಲಿ ತೊಳೆದು, ಒಣಗಿಸಿ, ಸ್ಯಾಂಡ್ ಪೇಪರಿನಲ್ಲಿ ಉಜ್ಜಿ, ಥಿನ್ನರಿನಲ್ಲಿ ಒರೆಸಿ, ಆಮೇಲೆ ಲೋಹಕ್ಕೊಪ್ಪುವ ಪ್ರೈಮರ್ ಹಾಕುವುದೇ ಸರಿ.

ಕರಾವಳಿಯ ಮಳೆಗಾಲದಲ್ಲಿ ಮತ್ತೊಂದು ಕಾಟವಿದೆ. ಹಾರುವ ದ್ರಾವಕ ಮೇಲ್ಮೈಯ ಶಾಖವನ್ನು ಹೀರಿ ತಣಿಸುವುದರಿಂದ, ತೇವದ ಗಾಳಿಯ ನೀರಾವಿ ಹಸಿ ಬಣ್ಣದ ಮೇಲೆಯೇ ಸೂಕ್ಷ್ಮ ಹನಿಗಳಾಗಿ ಕೂತು, ಹೊಳಪಿನ ಕಪ್ಪು ಬಣ್ಣವೂ ಬೂದಿ ಬಡಿದಂತೆ ಮಂಕಾಗುತ್ತದೆ.

ಆಲ್‌ಡ್ರಾಪಿನ ಜಾರುವ ಸರಳಿಗೆ ಬಣ್ಣ ಬೇಡವೇ ಬೇಡ. ಅದು ಬಳೆಯೊಳಗೆ ಉಜ್ಜಿ ಸಿಪ್ಪೆಯೇಳುತ್ತದೆ. ಅಲ್ಲಿಗೆ ಟೇಪ್ ಸುತ್ತಿ, ಉಳಿದ ಭಾಗದ ಬಣ್ಣ ಪೂರ್ತಿ ಗಟ್ಟಿಯಾಗುವ ಮೊದಲೇ ಟೇಪ್ ತೆಗೆದು, ಗಟ್ಟಿಯಾದ ಮೇಲೆ ಎರಡು ತೊಟ್ಟು ಎಣ್ಣೆ ಬಿಡಬೇಕು.