ಏಳನೇ ಜಾತ್ರೆಗೂ ಅರ್ಧ ಸಾಲ ಬಾಕಿ

ಆದಾಯ ತೆರಿಗೆ ರಿಟರ್ನ್ ತುಂಬುವ ಕಾಲ ಎಂದರೆ ಶಿರಸಿಯಲ್ಲಿ ಜೋರು ಮಳೆಯ ಕಾಲವೂ ಹೌದು. 2025ರ ಜುಲೈಯ ಒಂದು ಸಂಜೆ ಹೈಸ್ಕೂಲು ಮಾಸ್ತರರೊಬ್ಬರು ಕೊಡೆಯನ್ನು ಬಾಗಿಲಲ್ಲಿಟ್ಟು ಒಳಗೆ ಬಂದರು. ಪ್ಲಾಸ್ಟಿಕ್ ಕೊಟ್ಟೆಯಿಂದ ಕಾಗದಗಳನ್ನು ತೆಗೆದರು, ಫಾರ್ಮ್ 16 ಬದಿಗಿಟ್ಟರು, ಗೃಹಸಾಲದ ಬಡ್ಡಿ ಸರ್ಟಿಫಿಕೇಟನ್ನು ನನ್ನ ಮುಂದೆ ತಳ್ಳಿ ಒಂದು ಸಾಲಿನ ಮೇಲೆ ಬೆರಳಿಟ್ಟರು.

"ಇದೆಂತ ಮಾರಾಯ್ರೇ? ವರ್ಷವಿಡೀ ತುಂಬಿದ್ದು ಮೂರು ಲಕ್ಷ ಹನ್ನೆರಡು ಸಾವಿರ. ಸಾಲ ಇಳಿದಿದ್ದು ಅರವತ್ತು ಸಾವಿರವೂ ಇಲ್ಲ. ಎಂಟೂವರೆ ಪರ್ಸೆಂಟು ಅಂದವರು ಎಂಬತ್ತು ಪರ್ಸೆಂಟು ಹಿಡ್ಕೊಂಡ್ರಲ್ಲ!"

ಅವರು ಗಣಿತದ ಮಾಸ್ತರರಲ್ಲ, ಕನ್ನಡ ಪಂಡಿತರು. ಆದರೂ ಲೆಕ್ಕ ತಪ್ಪಿರಲಿಲ್ಲ. 30 ಲಕ್ಷ ಸಾಲ, ಶೇ. 8.5 ಬಡ್ಡಿ, 20 ವರ್ಷ. ತಿಂಗಳ ಕಂತು 26,035 ರೂಪಾಯಿ. ಮೊದಲ ತಿಂಗಳು 30 ಲಕ್ಷಕ್ಕೆ ಒಂದು ತಿಂಗಳ ಬಡ್ಡಿಯೇ 21,250. ಅದು ಕಳೆದು ಉಳಿದ 4,785 ಮಾತ್ರ ಅಸಲಿಗೆ. ಮರು ತಿಂಗಳು ಬಡ್ಡಿ ಮೂವತ್ನಾಲ್ಕು ರೂಪಾಯಿ ಕಡಿಮೆ, ಅಸಲು ಅಷ್ಟೇ ಹೆಚ್ಚು. ಹೀಗೆ ಇಂಚಿಂಚಾಗಿ ಸರಿದು ವರ್ಷದ ಕೊನೆಗೆ ಬಡ್ಡಿಗೆ ಸುಮಾರು 2,52,700, ಅಸಲಿಗೆ 59,700. ಇಲ್ಲಿ ಯಾರೂ ಮೋಸ ಮಾಡಿಲ್ಲ. ಬಾಕಿ ಎಷ್ಟಿದೆಯೋ ಅಷ್ಟಕ್ಕೆ ಬಡ್ಡಿ, ಮೊದಲ ವರ್ಷ ಬಾಕಿಯೇ ಪೂರ್ತಿ ಇರುತ್ತದೆ. ಇಷ್ಟೇ ಗುಟ್ಟು.

ಇದನ್ನು ಹೇಳಿದರೆ ಎಲ್ಲರೂ ತಲೆಯಾಡಿಸುತ್ತಾರೆ, ಮನಸ್ಸಿಗೆ ಮಾತ್ರ ಇಳಿಯುವುದಿಲ್ಲ. ಹಾಗಾಗಿ ನಾನು ಮಾಸ್ತರರ ಕಾಗದದ ಹಿಂಬದಿಯಲ್ಲಿ ಜಾತ್ರೆಗಳನ್ನು ಬರೆದೆ. ನಮ್ಮೂರಲ್ಲಿ ಮಾರಿಕಾಂಬೆಯ ಜಾತ್ರೆ ಎರಡು ವರ್ಷಕ್ಕೊಮ್ಮೆ. ಮನೆ ಕಟ್ಟಿದ್ದು, ಮದುವೆಯಾದದ್ದು, ಮಗು ಹುಟ್ಟಿದ್ದು ಎಲ್ಲ ನೆನಪಾಗುವುದು ಜಾತ್ರೆಯ ಹಿಂದೆ ಮುಂದೆ. ಮಾಸ್ತರರ ಮೊದಲ ಕಂತು 2024ರ ಜಾತ್ರೆ ಮುಗಿದ ಬೆನ್ನಿಗೆ, ಏಪ್ರಿಲಿನಲ್ಲಿ. 20 ವರ್ಷದ ಸಾಲ ಎಂದರೆ ಹತ್ತು ಜಾತ್ರೆ; 2026ರದ್ದು ಒಂದನೆಯದು, 2044ರದ್ದು ಹತ್ತನೆಯದು. ಐದನೇ ಜಾತ್ರೆಯ ಹೊತ್ತಿಗೆ ಅವರು ತುಂಬಿದ್ದು ಒಟ್ಟು 31.24 ಲಕ್ಷ, ಅಂದರೆ ತೆಗೆದ ಸಾಲಕ್ಕಿಂತ ಹೆಚ್ಚು. ಆಗಲೂ ಬಾಕಿ 21 ಲಕ್ಷ. ಸಾಲ ಅರ್ಧಕ್ಕೆ ಬರುವುದು 13 ವರ್ಷ 10 ತಿಂಗಳಿಗೆ, ಏಳನೇ ಜಾತ್ರೆಯ ಚಪ್ಪರ ಏಳುವಾಗ. ಕೊನೆಯ ಮೂರು ಜಾತ್ರೆಗಳಲ್ಲಿ ಉಳಿದರ್ಧ ಸರಸರ ಇಳಿಯುತ್ತದೆ.

ಮಾಸ್ತರರು ಬಹಳ ಹೊತ್ತು ಆ ಏಳನ್ನೇ ನೋಡಿದರು.

ಸಾಲ ತೆಗೆಯುವಾಗ ನಾವು ಕೇಳುವುದು ಎರಡೇ ಪ್ರಶ್ನೆ: ಬಡ್ಡಿ ಎಷ್ಟು, ಕಂತು ಎಷ್ಟು. ಮೂರನೆಯದನ್ನು, ಎಷ್ಟು ತಿಂಗಳು ಎಂಬುದನ್ನು, ಕೌಂಟರಿನ ಆಚೆಯವರೇ ನಮ್ಮ ಪರವಾಗಿ ತುಂಬಿಬಿಡುತ್ತಾರೆ. ಇದೇ 30 ಲಕ್ಷವನ್ನು 30 ವರ್ಷಕ್ಕೆ ಮಾಡಿದರೆ ಕಂತು 23,067. ತಿಂಗಳಿಗೆ ಮೂರು ಸಾವಿರದ ಹತ್ತಿರ ಹಗುರ, ಕೇಳಲು ಚೆಂದ. ಆದರೆ 20 ವರ್ಷಕ್ಕೆ 32.5 ಲಕ್ಷವಿದ್ದ ಒಟ್ಟು ಬಡ್ಡಿ ಈಗ 53 ಲಕ್ಷ. ತಿಂಗಳಿಗೆ ಮೂರು ಸಾವಿರದ ಸಮಾಧಾನಕ್ಕೆ 20 ಲಕ್ಷ ಬೆಲೆ. 15 ವರ್ಷಕ್ಕೆ ಇಳಿಸಿದರೆ ಕಂತು 29,542, ಬಡ್ಡಿ 23 ಲಕ್ಷ ಚಿಲ್ಲರೆ. ಕಾಲು ಪರ್ಸೆಂಟ್ ಬಡ್ಡಿ ಕಡಿಮೆ ಸಿಗುತ್ತದೆಂದು ಕುಮಟಾದಿಂದ ಹುಬ್ಬಳ್ಳಿವರೆಗೆ ಓಡಾಡುವವರು ಈ ಐದು ವರ್ಷದ ವಿಷಯಕ್ಕೆ ಐದು ನಿಮಿಷ ಕೊಡುವುದಿಲ್ಲ.

ತಿಂಗಳಿಗೊಮ್ಮೆ ನಾನು ದೇವಿಮನೆ ಘಟ್ಟ ಇಳಿದು ಕಾರವಾರಕ್ಕೆ ಹೋಗುತ್ತೇನೆ. ಅಲ್ಲಿಯ ಶಾಲೆಯ ಅಕ್ಕೋರೊಬ್ಬರ ಕಥೆ ಇದಕ್ಕಿಂತ ಕಠಿಣ. 2021ರ ಅಕ್ಟೋಬರಿನಲ್ಲಿ ಫ್ಲ್ಯಾಟಿಗೆಂದು ಅವರೂ 30 ಲಕ್ಷ ತೆಗೆದರು. ಆಗ ದರ ತೀರಾ ಕೆಳಗಿತ್ತು, ಶೇ. 6.75, ಕಂತು 22,811. ರಿಸರ್ವ್ ಬ್ಯಾಂಕು 2022ರ ಮೇ ತಿಂಗಳಲ್ಲಿ ರೆಪೋ ದರ, ಅಂದರೆ ತಾನು ಬ್ಯಾಂಕುಗಳಿಗೆ ಸಾಲ ಕೊಡುವ ದರ, ಏರಿಸಲು ಶುರುಮಾಡಿ, ಶೇ. 4ರಲ್ಲಿದ್ದುದನ್ನು 2023ರ ಫೆಬ್ರವರಿಗೆ ಶೇ. 6.5ಕ್ಕೆ ತಂದಿತು. ಅಕ್ಕೋರ ಸಾಲ ರೆಪೋಗೆ ಕಟ್ಟಿದ್ದು, 6.75 ಇದ್ದದ್ದು 9.25 ಆಯಿತು. ಕಂತು ಮಾತ್ರ ಬದಲಾಗಲಿಲ್ಲ. "ನನ್ನ ಬ್ಯಾಂಕು ಒಳ್ಳೇದು, ಕಂತು ಏರಿಸ್ಲೇ ಇಲ್ಲ ನೋಡಿ" ಎಂದು ಅವರು ಖುಷಿಯಲ್ಲೇ ಇದ್ದರು.

ನಾನು ಸ್ಟೇಟ್‌ಮೆಂಟು ತೆಗೆಸಿ ನೋಡಿದೆ. 2023ರ ಏಪ್ರಿಲ್ ಕಂತಿನ 22,811ರಲ್ಲಿ ಬಡ್ಡಿಗೆ ಹೋದದ್ದು ಸುಮಾರು 22,600. ಅಸಲಿಗೆ ಇನ್ನೂರು ರೂಪಾಯಿ ಚಿಲ್ಲರೆ. ಅದೇ ವೇಗದಲ್ಲಿ ಹೋದರೆ ಸಾಲ ತೀರಲು ಇನ್ನೂ 50 ವರ್ಷ ಬೇಕು. ಅಕ್ಕೋರಿಗೆ ಆಗಲೇ ನಲವತ್ತೆರಡು. ಸರಕಾರಿ ನೌಕರಿಯ ನಿವೃತ್ತಿ ಅರವತ್ತಕ್ಕೆ. ಕಂತು ಏರಲಿಲ್ಲ ಎಂದರೆ ಸಾಲ ಏರಲಿಲ್ಲ ಎಂದಲ್ಲ. ಏರಿದ ಬಡ್ಡಿ ಅವಧಿಯೊಳಗೆ ಹೋಗಿ ಕೂತಿರುತ್ತದೆ, ಗೋಡೆಯೊಳಗೆ ಗೆದ್ದಲು ಕೂತ ಹಾಗೆ.

ಮೂಲ ಅವಧಿಯಲ್ಲೇ ಸಾಲ ಮುಗಿಸಬೇಕಾದರೆ ಕಂತು 27,580ರ ಹತ್ತಿರಕ್ಕೆ ಏರಿಸಬೇಕಿತ್ತು. ಅಕ್ಕೋರು ಒಂದು ವಾರ ಯೋಚಿಸಿ, ಒಂದು ಚೀಟಿ ನಿಲ್ಲಿಸಿ, ಏರಿಸಿದರು. 2025ರಲ್ಲಿ ರೆಪೋ ಇಳಿಯುತ್ತ ಜೂನಿಗೆ ಶೇ. 5.5 ಆದಾಗ ನಾನು ಫೋನ್ ಮಾಡಿ ಹೇಳಿದ್ದು ಒಂದೇ ಮಾತು: ಈಗ ಕಂತು ಇಳಿಸಿ ಎಂದು ಕೇಳಬೇಡಿ. ಅದೇ ಕಂತು ಇದ್ದರೆ ಅವಧಿ ತಾನಾಗಿ ಕುಗ್ಗುತ್ತದೆ.

ಈ ಗೋಜಲು ದೇಶದ ತುಂಬ ಆಗಿತ್ತು. ಅದಕ್ಕೇ 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕು ಸುತ್ತೋಲೆ ಹೊರಡಿಸಿತು. ದರ ಬದಲಾಗುವಾಗ ಕಂತು ಏರಿಸಬೇಕೋ, ಅವಧಿ ಉದ್ದ ಮಾಡಬೇಕೋ ಎಂಬುದನ್ನು ಸಾಲಗಾರನಿಗೆ ಬಿಡಬೇಕು, ಸ್ಥಿರ ಬಡ್ಡಿಗೆ ಹೋಗುವ ದಾರಿಯನ್ನೂ ಆಗ ಕೊಡಬೇಕಿತ್ತು (2025ರ ಅಕ್ಟೋಬರಿನಿಂದ ಅದು ಬ್ಯಾಂಕಿನ ಇಚ್ಛೆ). ಮೂರು ತಿಂಗಳಿಗೊಮ್ಮೆ ಈವರೆಗಿನ ಬಡ್ಡಿ ಎಷ್ಟು, ಅಸಲು ಎಷ್ಟು, ಉಳಿದ ಕಂತು ಎಷ್ಟು ಎಂದು ತಿಳಿಸಬೇಕು. ಈ ತ್ರೈಮಾಸಿಕ ಕಾಗದ ನಿಮಗೂ ಬರುತ್ತಿರಬಹುದು, ಇಮೇಲಿನಲ್ಲಿ, ಸೀರೆ ಅಂಗಡಿಯ ಜಾಹೀರಾತಿನ ಕೆಳಗೆ. ಹುಡುಕಿ. ಅದರಲ್ಲಿ ನೋಡಬೇಕಾದ್ದು ಒಂದೇ ಅಂಕಿ, ಉಳಿದ ಕಂತುಗಳ ಸಂಖ್ಯೆ.

ಬೇರೆಯವರಿಗೆ ಇಷ್ಟೆಲ್ಲ ಹೇಳುವ ನಾನು ಏನು ಮಾಡಿದೆ? 2009ರಲ್ಲಿ ನನ್ನ ಮನೆಗೆ ಸಾಲ ತೆಗೆದೆ. ಬ್ಯಾಂಕುಗಳು ಬಡ್ಡಿ ನಿಗದಿ ಮಾಡುವ ಪದ್ಧತಿ ಬದಲಾಗುತ್ತ ಹೋಯಿತು: 2010ರ ಜುಲೈಯಲ್ಲಿ ಬೇಸ್ ರೇಟ್ ಬಂತು, 2016ರ ಏಪ್ರಿಲಿನಲ್ಲಿ ಅದರ ಬದಲಿಗೆ ಎಂಸಿಎಲ್ಆರ್ ಬಂತು, 2019ರ ಅಕ್ಟೋಬರಿನಿಂದ ಬ್ಯಾಂಕುಗಳು ಹೊಸ ಸಾಲವನ್ನು ರೆಪೋದಂಥ ಹೊರಗಿನ ದರಕ್ಕೇ ಕಟ್ಟಬೇಕೆಂಬ ನಿಯಮ ಬಂತು. ಪ್ರತಿ ಸಲವೂ ಗಿರಾಕಿಗಳಿಗೆ "ಬದಲಾಯಿಸಿಕೊಳ್ಳಿ" ಎಂದು ಹೇಳಿದವನು ನಾನೇ. ನನ್ನ ಸಾಲ ಮಾತ್ರ ಹಳೇ ಪದ್ಧತಿಯಲ್ಲೇ ಬಿದ್ದಿತ್ತು. 2020ರಲ್ಲಿ ಒಂದು ದಿನ ಯಾಕೋ ನೋಡಿದರೆ, ಅದೇ ಶಾಖೆಯಲ್ಲಿ ಹೊಸಬರಿಗೆ ಕೊಡುತ್ತಿದ್ದ ದರಕ್ಕಿಂತ ನಾನು ಒಂದೂವರೆ ಪರ್ಸೆಂಟ್ ಹೆಚ್ಚು ತುಂಬುತ್ತಿದ್ದೆ. 14 ಲಕ್ಷ ಬಾಕಿಗೆ ವರ್ಷಕ್ಕೆ 21,000. ಬದಲಾಯಿಸಲು ಬೇಕಾದದ್ದು ಒಂದು ಅರ್ಜಿ, ಒಂದಷ್ಟು ಶುಲ್ಕ. ಹಳೇ ಗಿರಾಕಿಗೆ ಯಾರೂ ತಾವಾಗಿ ಕರೆದು ಹೇಳುವುದಿಲ್ಲ. ಕೇಳಿದವರಿಗೆ ಇಲ್ಲ ಎನ್ನುವುದೂ ಇಲ್ಲ. ಮನೆಯವಳಿಗೆ ಈ ವಿಷಯ ಇಂದಿಗೂ ಪೂರ್ತಿ ಹೇಳಿಲ್ಲ.

ಇನ್ನು ಕಂತಿನಲ್ಲಿ ಕಾಣದ ಖರ್ಚುಗಳು. ಪ್ರೊಸೆಸಿಂಗ್ ಫೀ, ವಕೀಲರ ವರದಿ, ಇಂಜಿನಿಯರ್ ಮೌಲ್ಯಮಾಪನ, ಹಕ್ಕುಪತ್ರ ಒತ್ತೆಯಿಡುವ ಕರಾರಿನ ಮುದ್ರಾಂಕ, ಇವೆಲ್ಲ ಒಂದು ಸಲದ್ದು, ನುಂಗಿಕೊಳ್ಳಬಹುದು. ನುಂಗಲಾಗದ್ದು ಎರಡು. ಒಂದು, ಸಾಲದ ಜೊತೆ ತಗುಲಿಸುವ ಏಕಕಂತಿನ ವಿಮೆ. 90,000 ಪ್ರೀಮಿಯಂ ಅನ್ನು ಸಾಲಕ್ಕೇ ಸೇರಿಸಿಬಿಡುತ್ತಾರೆ, ಕೈಯಿಂದ ಹೋಗುವುದಿಲ್ಲವಾದ್ದರಿಂದ ಉರಿಯುವುದೂ ಇಲ್ಲ. 20 ವರ್ಷ ಬಡ್ಡಿ ಸೇರಿ ಅದಕ್ಕೆ ನೀವು ಕೊಡುವುದು 1,87,000ಕ್ಕೂ ಮೇಲೆ. ಸಾಲಗಾರನಿಗೆ ಜೀವವಿಮೆ ಬೇಕೇ ಬೇಕು, ಅದರಲ್ಲಿ ನನಗೆ ಎರಡು ಮಾತಿಲ್ಲ. ಆದರೆ ಹೊರಗೆ ಒಂದು ಟರ್ಮ್ ಪಾಲಿಸಿ (ಅವಧಿಯೊಳಗೆ ಸತ್ತರೆ ಮಾತ್ರ ಹಣ ಕೊಡುವ ವಿಮೆ) ಮಾಡಿಸಿ ವರ್ಷಾವರ್ಷ ತುಂಬಿ. 2024ರ ಅಕ್ಟೋಬರ್ 1ರಿಂದ ಹೊಸ ಗೃಹಸಾಲಕ್ಕೆಲ್ಲ ಮುಖ್ಯಾಂಶಗಳ ಒಂದು ಪತ್ರ ಕೊಡಬೇಕು, ಅದರಲ್ಲಿ ಇಂಥ ಖರ್ಚು ಸೇರಿಸಿದ ವಾರ್ಷಿಕ ದರ ಬರೆದಿರಬೇಕು. ಬೋರ್ಡಿನ ಮೇಲಿನ ದರಕ್ಕೂ ಅದಕ್ಕೂ ಇರುವ ಅಂತರ ನೋಡಿ ಸಹಿ ಮಾಡಿ.

ಎರಡನೆಯದು ನಮ್ಮ ಜಿಲ್ಲೆಗೇ ವಿಶೇಷ. ಮನೆ ಕಟ್ಟುವ ಸಾಲ ಹಂತಹಂತವಾಗಿ ಬರುತ್ತದೆ. ಪೂರ್ತಿ ಬರುವ ತನಕ ಸಾಮಾನ್ಯವಾಗಿ ಕೈಗೆ ಬಂದಷ್ಟಕ್ಕೆ ಬಡ್ಡಿ ಮಾತ್ರ ತುಂಬುತ್ತೀರಿ, ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ. ಇದಕ್ಕೆ ಪ್ರೀ-ಇಎಂಐ ಎನ್ನುತ್ತಾರೆ. ಬಯಲುಸೀಮೆಯಲ್ಲಿ ಎಂಟು ತಿಂಗಳಿಗೆ ಏಳುವ ಮನೆ ನಮ್ಮಲ್ಲಿ ಜೂನಿನಿಂದ ಸೆಪ್ಟೆಂಬರಿನವರೆಗೆ ಟಾರ್ಪಾಲು ಹೊದ್ದು ಮಲಗುತ್ತದೆ. ಕರಾವಳಿಯಲ್ಲಿ ಚೀರೆಕಲ್ಲು ಸಿಕ್ಕಿದ ತಿಂಗಳು ಮರಳು ಸಿಗುವುದಿಲ್ಲ. 15 ಲಕ್ಷ ಕೈಗೆ ಬಂದು ಕೆಲಸ ಒಂದೂವರೆ ವರ್ಷ ಎಳೆದರೆ 1,91,000 ರೂಪಾಯಿ ಬರೀ ಬಡ್ಡಿಗೆ. ಹಾಗಾಗಿ ಪಾಯಕ್ಕೆಂದು ಬರುವ ಸಾಲದ ಹಣವನ್ನು ಏಪ್ರಿಲಿನಲ್ಲಿ ಬಿಡಿಸಿಕೊಳ್ಳಬೇಡಿ. ಪಾಯ ಹೇಗೂ ಮಳೆಯಲ್ಲಿ ನೆನೆಯುತ್ತ ಕೂರುತ್ತದೆ, ಮೀಟರು ಓಡುತ್ತದೆ. ದೀಪಾವಳಿ ಕಳೆದ ಮೇಲೆ ಶುರುಮಾಡಿ.

"ತೆರಿಗೆ ಉಳೀತದಲ್ಲ, ಸಾಲ ಇರ್ಲಿ ಬಿಡಿ" ಎನ್ನುವವರು ವಾರಕ್ಕೊಬ್ಬರು ಸಿಗುತ್ತಾರೆ. ತೆರಿಗೆಯ ಹಳೇ ಪದ್ಧತಿಯಲ್ಲಿ ನಾವೇ ವಾಸವಿರುವ ಮನೆಯ ಬಡ್ಡಿಗೆ ವರ್ಷಕ್ಕೆ ಗರಿಷ್ಠ 2 ಲಕ್ಷದ ವಿನಾಯಿತಿ. ಶೇ. 20ರ ಹಂತದವರಿಗೆ ಸೆಸ್ ಸೇರಿ ಉಳಿಯುವುದು 41,600. ಎರಡೂವರೆ ಲಕ್ಷ ಬಡ್ಡಿ ಕೊಟ್ಟು ನಲವತ್ತು ಸಾವಿರ ಉಳಿಸುವುದನ್ನು ಉಳಿತಾಯ ಎನ್ನಲು ನನಗೆ ಬಾಯಿ ಬರುವುದಿಲ್ಲ. ಹೊಸ ಪದ್ಧತಿಯಲ್ಲಂತೂ ವಾಸದ ಮನೆಗೆ ಆ ವಿನಾಯಿತಿಯೇ ಇಲ್ಲ. ಮಾಸ್ತರರು ಇದ್ದದ್ದು ಹೊಸದರಲ್ಲೇ.

ಹಾಗಾದರೆ ಮಾಡುವುದೇನು? ಇಲ್ಲಿ ಅಡಿಕೆ ಸೀಮೆಯವರಿಗೆ ಒಂದು ಅನುಕೂಲ ಇದೆ. ನಮ್ಮ ದುಡ್ಡು ತಿಂಗಳು ತಿಂಗಳು ಬರುವುದಿಲ್ಲ, ಗಂಟಾಗಿ ಬರುತ್ತದೆ. ಗೃಹಸಾಲಕ್ಕೆ ಗಂಟು ಕಂಡರೆ ಭಯ. ಮಾಸ್ತರರ ಸಾಲದಲ್ಲಿ ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಹೆಚ್ಚಿಗೆ ತುಂಬಿದರೆ ಹಿಂದಿನಿಂದ 18 ಕಂತು ಬಿದ್ದುಹೋಗುತ್ತವೆ, ಅಂದರೆ 4.7 ಲಕ್ಷ. ಅದೇ ಒಂದು ಲಕ್ಷವನ್ನು ಹದಿನೈದನೇ ವರ್ಷ ತುಂಬಿದರೆ ಬೀಳುವುದು ಆರು ಕಂತೂ ಅಲ್ಲ. ವರ್ಷಕ್ಕೊಂದು ಕಂತು ಹೆಚ್ಚಿಗೆ ತುಂಬುತ್ತ ಹೋದರೂ 20 ವರ್ಷದ ಸಾಲ 16 ವರ್ಷ 9 ತಿಂಗಳಿಗೆ ಮುಗಿದು ಆರು ಲಕ್ಷ ಉಳಿಯುತ್ತದೆ. ವ್ಯಕ್ತಿಗಳ ಬದಲಾಗುವ ದರದ ಗೃಹಸಾಲಕ್ಕೆ ಮುಂಚಿತ ಪಾವತಿಯ ದಂಡ ಹಾಕುವಂತಿಲ್ಲ, ಅದು ಹತ್ತು ವರ್ಷಕ್ಕೂ ಹಳೆಯ ನಿಯಮ.

ಒಂದು ಎಚ್ಚರಿಕೆ. ಗಂಟು ಎಂದರೆ ಮನೆಯಲ್ಲಿರುವ ದುಡ್ಡೆಲ್ಲ ಅಲ್ಲ. ಅಡಿಕೆಗೆ ಕೊಳೆರೋಗ ಬಂದ ವರ್ಷ ನೆನಪಿದೆಯಲ್ಲ. ಆರು ತಿಂಗಳ ಕಂತು, ಖರ್ಚು ಬೇರೆ ಇರಲಿ. ಬಂಗಾರ ಅಡವಿಟ್ಟು ಮನೆ ಸಾಲ ಇಳಿಸಿದವರನ್ನೂ ನೋಡಿದ್ದೇನೆ, ಅದು ಬಾಣಲೆಯಿಂದ ತೆಗೆದು ಬೆಂಕಿಗೆ ಹಾಕಿದ ಹಾಗೆ. ಸಹಕಾರ ಸಂಘದ ಬೆಳೆಸಾಲ 5 ಲಕ್ಷದವರೆಗೆ ಶೂನ್ಯ ಬಡ್ಡಿಯದು, ಆದರೆ ಗಡುವಿನೊಳಗೆ ತುಂಬಿದರೆ ಮಾತ್ರ. ಆ ದುಡ್ಡನ್ನು ಇತ್ತ ತಿರುಗಿಸಿ ಗಡುವು ತಪ್ಪಿಸಿಕೊಂಡರೆ ಎರಡೂ ಕಡೆ ಬಡ್ಡಿ.

ಮಾಸ್ತರರ ಅಟ್ಟದ ಮೇಲೆ ತೋಟದ ಪಾಲಿನ ಚಾಲಿ ಅಡಿಕೆ ಇತ್ತು, ರೇಟಿಗಾಗಿ ಕಾಯುತ್ತ. ಅದರಲ್ಲಿ ಸ್ವಲ್ಪ ಮಾರಾಟಕ್ಕೆ ಬಿಟ್ಟು, ಜುಲೈ ಕಂತಿನ ಜೊತೆಗೇ 1,40,000 ತುಂಬಿದರು. ಅವರದು ಹೌಸಿಂಗ್ ಫೈನಾನ್ಸ್ ಕಂಪನಿಯ ಸಾಲ, ರೆಪೋ ಇಳಿದರೂ ಅವರ ದರ ಆಗಿನ್ನೂ ಅಲುಗಾಡಿರಲಿಲ್ಲ. ಅಲ್ಲಿಯ ಹುಡುಗ ಕಂಪ್ಯೂಟರಿನಲ್ಲಿ ಕಂತು ಇಳಿಸಿಯೇ ಕೊಟ್ಟಿದ್ದ, ತಿಂಗಳಿಗೆ 1,249 ಕಡಿಮೆ. ಹಾಗೆ ಬಿಟ್ಟರೆ ಕೊನೆಗೆ ಉಳಿಯುವುದು 1.4 ಲಕ್ಷ. ಕಂತು ಹಾಗೇ ಇಟ್ಟು ಅವಧಿ ಇಳಿಸಿದರೆ 4.85 ಲಕ್ಷ. ಮಾಸ್ತರರಿಂದ ಒಂದು ಅರ್ಜಿ ಬರೆಸಿದೆ: "ಕಂತು ಹಿಂದಿನಂತೆಯೇ ಇರಲಿ, ಅವಧಿ ಕಡಿಮೆ ಮಾಡಿ, ಹೊಸ ಕಂತುಪಟ್ಟಿ ಕೊಡಿ." ಎರಡು ಪ್ರತಿ, ಒಂದಕ್ಕೆ ಸ್ವೀಕೃತಿಯ ಸೀಲು.

ಹದಿನೈದು ದಿನ ಬಿಟ್ಟು ಹೊಸ ಪಟ್ಟಿ ಹಿಡಿದು ಬಂದರು. 224 ಬಾಕಿಯಿದ್ದ ಕಂತು ಈಗ 200. ನಾನು ಜಾತ್ರೆ ಬರೆದುಕೊಟ್ಟ ಕಾಗದವನ್ನೂ ತಂದಿದ್ದರು. 2044ರ ಮೇಲೆ ಕೆಂಪು ಶಾಯಿಯಲ್ಲಿ, ಉತ್ತರಪತ್ರಿಕೆಯಲ್ಲಿ ಎಳೆಯುವ ಹಾಗೆ, ಓರೆ ಗೆರೆ.

"ಒಂದು ಜಾತ್ರೆ ಖುಲಾಸೆ" ಎಂದರು. ಕೊಡೆ ಎತ್ತಿಕೊಂಡು ಹೊರಟವರು ಬಾಗಿಲಲ್ಲಿ ನಿಂತು ಕೇಳಿದರು: "ಉಳಿದ ಚಾಲಿ ಈಗ ಬಿಡ್ಲೋ, ದೀಪಾವಳಿವರೆಗೆ ಕಾಯ್ಲೋ?"

ಅದರ ಸೂತ್ರ ಗೊತ್ತಿದ್ದರೆ ನಾನು 2009ರಲ್ಲಿ ಸಾಲವನ್ನೇ ತೆಗೆಯುತ್ತಿರಲಿಲ್ಲ ಎಂದೆ.